ಹಿಮದ ಮೇಲೆ ನೆಟ್ಟ ಗೂಟ

ಡಿಗರಿ ಟ್ರೆಲೋರ್ ಎಂದರೆ ಕೊಲರಾಡೊದ ನಮ್ಮ ಕಣಿವೆಯಲ್ಲಿ ಗೊತ್ತಿಲ್ಲದವರಿರಲಿಲ್ಲ. ಕಾರ್ನ್‌ವಾಲ್‌ನ ತವರದ ಗಣಿಗಳಲ್ಲಿ ಕೆಲಸ ಕಲಿತು ಬಂದವನು. ಎಪ್ಪತ್ತು ದಾಟಿದ ಮೇಲೂ ಬೇಸಿಗೆ ಬಂತೆಂದರೆ ಗುದ್ದಲಿ ಹೆಗಲಿಗೇರಿಸಿ ಒಬ್ಬನೇ ಬೆಟ್ಟ ಹತ್ತುತ್ತಿದ್ದ. ವರ್ಷಕ್ಕೆ ಇಷ್ಟು ಅಂತ ಅಗೆಯದಿದ್ದರೆ ಗಣಿಯ ಮೇಲಿನ ಹಕ್ಕು ಹೋಗುತ್ತದೆ, ಅದು ಕಾನೂನು. ಇಪ್ಪತ್ತೆರಡು ವರ್ಷ ಅಗೆದ. ಸಿಕ್ಕ ಬೆಳ್ಳಿ ಹರಿದ ಬೂಟು ಹೊಲಿಸಲಿಕ್ಕೆ ಸಾಲುತ್ತಿತ್ತು, ಅಷ್ಟೇ.

ಆ ಗಣಿಜಾಗವನ್ನು ಅವನೂ ಗೆಳೆಯ ಜೇಗೊ ಪೆನ್‌ರೋಸನೂ ಸೇರಿ ಹಿಡಿದದ್ದು. ಒಂದು ಏಪ್ರಿಲ್‌ನಲ್ಲಿ ಬಂಡೆಯ ಮುಖದ ಮೇಲೆ ಬೆಳ್ಳಿಯ ಎಳೆ ಕಂಡಿತು. ಸುತ್ತ ಎರಡಾಳುದ್ದ ಹಿಮ. ಬೇರೆಯವರ ಕಣ್ಣಿಗೆ ಬೀಳುವ ಮೊದಲೇ ಎಂದು ಅದೇ ದಿನ ನಾಲ್ಕು ಮೂಲೆಗೂ ಗಡಿಯ ಗೂಟ ನೆಟ್ಟರು. ಎರಡು ವರ್ಷಕ್ಕೆ ಜೇಗೊ ಕಲ್ಲಿನ ಧೂಳು ಕುಡಿದ ಎದೆಯಿಂದ ಕೆಮ್ಮಿ ಕೆಮ್ಮಿ ಸತ್ತ. ಆಮೇಲೆ ಅವನ ಹೆಸರೆತ್ತುವವರೇ ಇರಲಿಲ್ಲ. ಅವನನ್ನು ಬಲ್ಲವರೆಲ್ಲ ಬೇರೆ ಬೇರೆ ಗಣಿ ಹುಡುಕಿಕೊಂಡು ಹೋಗಿದ್ದರು.

ಗುಡ್ಡದ ಕೆಳಗಿನ ಹುಲ್ಲುಗಾವಲಿಗೆ ಹೆಪ್ಸಿಬಾ ರೋ ಮತ್ತು ಅವಳ ಗಂಡ ಸರ್ಕಾರದಿಂದ ಹಕ್ಕುಪತ್ರ ಪಡೆದಿದ್ದರು. ಈಗ ಗಂಡನಿಲ್ಲ. ಮನೆ ಇದೆ, ಆರು ಹಸುಗಳಿವೆ. ಡಿಗರಿಯ ಕೆಳಗಿನ ಎರಡು ಗೂಟಗಳು ಅವಳ ಬೇಲಿಯ ಒಳಗೇ ನಿಂತಿದ್ದವು. ಕಳೆದ ವರ್ಷ ಒಳ್ಳೆಯ ಅದಿರು ಅವಳ ಮನೆಯ ಅಡಿಗೇ ಇಳಿದಿದೆಯೆಂದು ತಿಳಿಯಿತು. ಡಿಗರಿ ತನ್ನ ಗಣಿಗೂ ಹಕ್ಕುಪತ್ರ ಕೇಳಿದ. ಹೆಪ್ಸಿಬಾ ತಕರಾರು ಹಾಕಿದಳು. ಮುದುಕ ಗೆದ್ದರೆ ಅವನ ಕೊನೆಗಾಲ ಬೆಚ್ಚಗಾಗುತ್ತದೆ, ಅವಳು ಹಸು ಹೊಡೆದುಕೊಂಡು ಹೊರಡಬೇಕು.

"ಕಾನೂನಿಗೆ ಕಾಗದದ ಅಳತೆಗಿಂತ ನೆಲದಲ್ಲಿರೋ ಗೂಟ ದೊಡ್ಡದು," ಎಂದ ಅವನ ವಕೀಲ ಕೆಚಮ್. "ಗೂಟ ಮೊದಲಿಂದ ಅಲ್ಲೇ ಇತ್ತು ಅನ್ನಿ, ಸಾಕು. ಪುರಾಣ ಬಿಚ್ಚಬೇಡಿ."

"ನಾನೇನು ಚಿಕ್ಕ ಮಗೂನೇನಯ್ಯಾ?" ಎಂದು ಡಿಗರಿ ಗದರಿದ.

ಕೋರ್ಟಿನಲ್ಲಿ ಕೆಚಮ್ ಕೇಳುವ ಮೊದಲೇ ನ್ಯಾಯಾಧೀಶರು ಸುಮ್ಮನೆ ಒಂದು ಮಾತು ಕೇಳಿದರು. "ಗೂಟ ನೆಡುವಾಗ ನಿಮ್ಮ ಜೊತೆ ಯಾರಿದ್ರು?"

"ಜೇಗೊ ಇದ್ದ ಸ್ವಾಮಿ."

"ಎಂಥಾ ಮನುಷ್ಯ?"

ಇಪ್ಪತ್ತು ವರ್ಷದಲ್ಲಿ ಯಾರೂ ಕೇಳದ ಪ್ರಶ್ನೆ. ಮುದುಕನ ಮುಖ ಅರಳಿತು.

"ಅಯ್ಯೋ, ಅವನಾ? ಕತ್ತಲ ಸುರಂಗದಲ್ಲಿ ಹಾಡ್ತಿದ್ದ ಸ್ವಾಮಿ, ಅದೂ ಅಪಸ್ವರದಲ್ಲಿ! ನಾವು ಗೂಟ ಹೊಡೆದಿದ್ದು ಹಿಮಕ್ಕೆ, ನೆಲಕ್ಕೆ ಎಲ್ಲಿ ತಾಗುತ್ತೆ? ಜೂನ್‌ನಲ್ಲಿ ಹೋಗಿ ನೋಡಿದ್ರೆ ಕೆಳಗಿನ ಎರಡೂ ಗೂಟ ಮಾಯ. ಹಿಮದ ಜೊತೆ ಜಾರಿ ಹುಲ್ಲುಗಾವಲಿಗೆ ಬಂದು ಬಿದ್ದಿದ್ವು. ಜೇಗೊ ನಕ್ಕೂ ನಕ್ಕೂ ನೆಲದ ಮೇಲೆ ಉರುಳಾಡಿಬಿಟ್ಟ. 'ಲೋ ಡಿಗರಿ, ಬೆಟ್ಟಾನೇ ನಮಗೆ ಜಾಗ ಜಾಸ್ತಿ ಅಳೆದು ಕೊಟ್ಟಿದೆ ಕಣೋ, ಬೇಡ ಅನ್ನೋಕೆ ನಾವ್ಯಾರು?' ಅಂದ. ಬಿದ್ದಲ್ಲೇ ನೆಟ್ವಿ."

ಕೋರ್ಟಿಗೆ ಕೋರ್ಟೇ ನಕ್ಕಿತು. ಡಿಗರಿಯೂ ನಕ್ಕ. ಕೆಚಮ್ ಮಾತ್ರ ತಲೆ ಮೇಲೆ ಕೈ ಹೊತ್ತು ಕೂತ. ಅವನನ್ನು ನೋಡಿದ ಮೇಲೇ ಮುದುಕನಿಗೆ ತಾನು ಏನು ಮಾಡಿಕೊಂಡೆ ಎಂಬುದು ಹೊಳೆದದ್ದು. ಆದರೂ ಆಡಿದ ಮಾತನ್ನು ಹಿಂದೆಗೆದುಕೊಳ್ಳಲಿಲ್ಲ.

ಗೂಟಗಳ ಮೊದಲಿನ ಜಾಗ ಬೆಟ್ಟದ ಮೇಲೆಲ್ಲೋ ಇತ್ತೆಂದಾಗಿ, ಹುಲ್ಲುಗಾವಲು ಹೆಪ್ಸಿಬಾಳಿಗೆ ಉಳಿಯಿತು. ಮೆಟ್ಟಿಲ ಬಳಿ ಅವಳು ಅವನ ತೋಳು ಹಿಡಿದಳು.

"ಒಂದು ಮಾತು ನುಂಗಿದ್ರೆ ಗೆಲ್ತಿದ್ರಲ್ಲ ಯಜಮಾನ್ರೇ. ಯಾಕೆ ಹೇಳಿದ್ರಿ?"

ಡಿಗರಿ ಕಣ್ಣೊರೆಸಿಕೊಂಡ.

"ಅವನ ಬಗ್ಗೆ ಕೇಳಿದ್ರಲ್ಲ ತಾಯಿ," ಎಂದ. "ಇನ್ಯಾವತ್ತು ಕೇಳ್ತಿದ್ರು?"