ಸ್ಟೇಷನ್ ತಪ್ಪಿದವಳ ಬನ್ಸ್

ಹದಿನೆಂಟು ವರ್ಷ ಮುಂಬೈಯ ಒಂದೇ ಲೋಕಲ್ ರೈಲಿನಲ್ಲಿ ಓಡಾಡಿದವಳು ಒಂದೇ ತಿಂಗಳಲ್ಲಿ ಎರಡು ಸಲ ತನ್ನ ಸ್ಟೇಷನ್ ತಪ್ಪಿಸಿಕೊಂಡರೆ ನೀವೇನು ಮಾಡುತ್ತೀರಿ? ನಾವು ಬನ್ಸ್ ತಿಂದೆವು.

ವನಜಾ (ಹೆಸರು ಬದಲಿಸಿದ್ದೇನೆ, ಇದನ್ನೆಲ್ಲ ಈಗ ಬರೆ ಎಂದವಳೂ ಅವಳೇ) ನಮ್ಮ ಲೇಡೀಸ್ ಡಬ್ಬಿಯ ಗ್ರೂಪ್‌ನ ಜೀವ. ಠಾಣೆ ಸ್ಟೇಷನ್ನಿನಲ್ಲಿ ಹತ್ತಿದ್ದೇ ಯಾರ ಬರ್ತ್‌ಡೇ, ಯಾರ ಮಗಳಿಗೆ ಗಂಡು, ಎಲ್ಲ ಅವಳ ಜವಾಬ್ದಾರಿ. ನನ್ನ ಅತ್ತೆ ಆಸ್ಪತ್ರೆಯಲ್ಲಿದ್ದಾಗ ಟಿಫಿನ್ ತಂದುಕೊಟ್ಟವಳೂ ಅವಳೇ. ಅವಳ ಆಫೀಸು ಘಾಟ್ಕೋಪರ್‌ನಲ್ಲಿ. ಒಂದು ಸ್ಟೇಷನ್ ಮೊದಲೇ, ವಿಕ್ರೋಲಿಯಲ್ಲೇ ಎದ್ದು ಬಾಗಿಲ ಹತ್ತಿರ ನಿಲ್ಲುವವಳು.

ಅಂಥವಳು ಮೊದಲ ಸಲ ಘಾಟ್ಕೋಪರ್ ದಾಟಿ ಕುರ್ಲಾದವರೆಗೆ ಬಂದಾಗ ಡಬ್ಬಿಗೆ ಡಬ್ಬಿಯೇ ನಕ್ಕಿತು. ಸ್ಟೇಷನ್ ತಪ್ಪಿಸಿಕೊಂಡವರು ಮರುದಿನ ಎಲ್ಲರಿಗೂ ತಿಂಡಿ ತರಬೇಕೆಂಬುದು ನಮ್ಮ ಗ್ರೂಪ್‌ನ ಕಾನೂನು. ತಂದಳು. ಎರಡನೇ ಸಲವೂ ಹಾಗೇ ಆಯಿತು, ಮತ್ತೆ ಬನ್ಸ್ ತಂದಳು. ನಾನಂತೂ ಚಟ್ನಿ ಇನ್ನೊಂಚೂರು ಹಾಕೆಂದು ಡಬ್ಬದ ಮುಚ್ಚಳ ಚಾಚಿದ್ದೆ.

ಡಿಪ್ರೆಷನ್ ಎಂದರೆ ನಮಗೆ ಗೊತ್ತಿಲ್ಲವೇ? ಸೀರಿಯಲ್‌ನಲ್ಲಿ ದಿನಾ ನೋಡುತ್ತೇವೆ. ಕೂದಲು ಕೆದರಿರಬೇಕು, ಮಂಚದ ಮೂಲೆಯಲ್ಲಿ ಕೂತಿರಬೇಕು, ಹಿಂದೆ ವಯಲಿನ್ ಕೇಳಬೇಕು. ಇಸ್ತ್ರಿ ಮಾಡಿದ ಕುರ್ತಾ ಹಾಕಿ, ಬೆಳಗ್ಗೆ ಐದಕ್ಕೆದ್ದು ಹದಿನಾಲ್ಕು ಮಂದಿಗೆ ಬನ್ಸ್ ಕರಿಯುವವಳಿಗೆ ಅದೆಲ್ಲ ಬರುವುದುಂಟೇ?

ಮೂರನೇ ಸಲ ಹೋದ ತಿಂಗಳು. ವಿಕ್ರೋಲಿ ಬಂತು, ಏಳಲಿಲ್ಲ. ಘಾಟ್ಕೋಪರ್ ಬಂತು. ನಾನೇ ಭುಜ ಅಲುಗಿಸಿದೆ. ಹ್ಞೂಂ ಅಂದಳು, ನಕ್ಕಳು, ಕೂತೇ ಇದ್ದಳು. ನಿದ್ದೆಯಲ್ಲ, ಕಣ್ಣು ತೆರೆದೇ ಇತ್ತು. ಗ್ರೂಪ್ ಚಪ್ಪಾಳೆ ತಟ್ಟಿ, ಈ ಸಲ ಗೋಳಿಬಜೆ ಎಂದು ತೀರ್ಪು ಕೊಟ್ಟಿತು. ನನಗೆ ಮಾತ್ರ ಹೆದರಿಕೆಯಾಯಿತು.

ನಾನು ಸಯನ್‌ನಲ್ಲಿ ಇಳಿಯುವಾಗ ಅವಳನ್ನೂ ಕೈಹಿಡಿದು ಇಳಿಸಿಕೊಂಡೆ. ಪ್ಲಾಟ್‌ಫಾರ್ಮ್‌ನ ಬೆಂಚಿನಲ್ಲಿ ಕೂರಿಸಿ, ಏನಾಯಿತೆಂದು ಕೇಳಿದೆ.

"ಇಳಿಬೇಕು ಅಂತ ಗೊತ್ತಿತ್ತು ಮಾರಾಯ್ತಿ," ಅಂದಳು. "ಯಾಕೆ ಇಳಿಯುದು ಅಂತ ಗೊತ್ತಾಗ್ಲಿಲ್ಲ."

ಆರು ತಿಂಗಳಿಂದ ಹೀಗೇ ಅಂತೆ. ನಿದ್ದೆ ಇಲ್ಲ, ಯಾವುದರಲ್ಲೂ ಮನಸ್ಸಿಲ್ಲ. ವಾಕಿಂಗ್ ಮಾಡು, ಪ್ರಾಣಾಯಾಮ ಮಾಡು, ಊರಿಗೆ ಹೋಗಿ ಬಾ ಎನ್ನಲು ನಾನು ಬಾಯಿ ತೆರೆದೆ. (ಉಪದೇಶ ನಮ್ಮಲ್ಲಿ ಸದಾ ರೆಡಿ ಸ್ಟಾಕ್.) ದೇವರ ದಯೆ, ಮುಚ್ಚಿದೆ. ಶನಿವಾರ ಡಾಕ್ಟರ ಹತ್ತಿರ ನಾನೂ ಜೊತೆಗೆ ಬರುತ್ತೇನೆಂದೆ. ಒಪ್ಪಿದಳು.

ಒಂದೇ ಷರತ್ತು ಹಾಕಿದಳು. "ಗ್ರೂಪಲ್ಲಿ ಈಗ್ಲೇ ಹೇಳ್ಬೇಡ. ಎಲ್ರೂ ನನ್ನನ್ನು ನಗಿಸ್ಲಿಕ್ಕೆ ಬರ್ತಾರೆ. ಅವರಿಗೆ ಬೇಜಾರಾಗ್ಬಾರ್ದು ಅಂತ ನಾನು ಮತ್ತೆ ನಗ್ಬೇಕಾಗ್ತದೆ."