ಅಂಧೇರಿಯ ಕಾಫಿ ತೋಟ

ಮುಂಬೈಗೆ ಬಂದ ಮೇಲೆ ನಾನು ಕಂಡ ಮೊದಲ ಕಾಫಿ ಗಿಡದ ಹಣ್ಣು ಪ್ಲಾಸ್ಟಿಕ್ಕಿನದು. ಅಂಧೇರಿಯ ಸ್ಟುಡಿಯೋ ಒಂದರೊಳಗೆ ನಮ್ಮ ಸಕಲೇಶಪುರವನ್ನು ಕಟ್ಟಿ ನಿಲ್ಲಿಸಿದ್ದರು. ಫ್ಯಾನು ತಿರುಗಿಸಿದರೆ ಗಾಳಿ, ಹೊಗೆ ಬಿಟ್ಟರೆ ಮಂಜು. ನನಗೆ ನಗು ಬರಲಿಲ್ಲ, ಹೇಸಿಗೆಯಾಯಿತು. ಏಕೆಂದರೆ ಆ ತೋಟದಲ್ಲಿ ಹಣ್ಣು ಕೊಯ್ಯುವ ಹುಡುಗಿಯ ಪಾತ್ರ ಕೇಳಿಕೊಂಡು ಹೋಗಿ, ‘ನೀನು ಆ ಕಡೆಯವಳ ಹಾಗೆ ಕಾಣುವುದಿಲ್ಲ’ ಎನ್ನಿಸಿಕೊಂಡು ಬಂದವಳು ನಾನು.

ನಾನು ಆನೇಮಹಲ್‌ನವಳು ಮಾರಾಯ್ರೆ. ಮನೆಯ ಹಿಂದೆಯೇ ನಮ್ಮ ಸಣ್ಣ ತೋಟ. ಅಕ್ಷರ ಕಲಿಯುವ ಮೊದಲೇ ಸೊಂಟಕ್ಕೆ ಚೀಲ ಕಟ್ಟಿಕೊಂಡು ಅಮ್ಮನ ಹಿಂದೆ ಹೋದವಳು. ಇದನ್ನೆಲ್ಲ ಹೇಳಿದೆ. ಪಾತ್ರಗಳಿಗೆ ಜನ ಆರಿಸುವ ಹೆಂಗಸು ಫೋನಿನಿಂದ ತಲೆ ಎತ್ತದೆ, “ನಮಗೆ ಬೇಕಾದ ಹಳ್ಳಿ ಮುಖವೇ ಬೇರೆ,” ಎಂದು ಹಿಂದಿಯಲ್ಲಿ ಹೇಳಿದಳು.

ಇಲ್ಲಿ ಇದಕ್ಕೆ ‘ನಾಟ್ ಫಿಟ್’ ಎನ್ನುತ್ತಾರೆ. ಎಷ್ಟೋ ಕಚೇರಿಗಳಲ್ಲಿ ಬಾಗಿಲಲ್ಲೇ ಒಬ್ಬ ನಿಂತಿರುತ್ತಾನೆ. ಮೇಲಿಂದ ಕೆಳಗೆ ಒಮ್ಮೆ ನೋಡಿ ಆ ಮಾತು ಎಸೆದು ಮುಂದಿನವರನ್ನು ಕರೆಯುತ್ತಾನೆ. ಬಾಯಿ ತೆರೆಯಲೂ ಬಿಡುವುದಿಲ್ಲ. ಹಾಸನದಲ್ಲಿ ನಾಟಕ ಆಡುವಾಗ ಕನಿಷ್ಠ ನನ್ನ ಮಾತು ಕೇಳಿಸಿಕೊಂಡು ಬೈಯುತ್ತಿದ್ದರು. ನಾವು ಮೂವರು ಹುಡುಗಿಯರಿರುವ ಖೋಲಿಯಲ್ಲಿ, ಅಂದರೆ ಒಂಟಿ ಕೋಣೆಯ ಮನೆಯಲ್ಲಿ, ಇವತ್ತು ಏನಾಯಿತು ಎಂದು ಯಾರೂ ಯಾರನ್ನೂ ಕೇಳುವುದಿಲ್ಲ. ವಡಾಪಾವ್ ತಿಂದು ಗೋಡೆಗೆ ಮುಖ ಮಾಡಿ ಮಲಗುತ್ತೇವೆ.

ಪಾತ್ರ ಸಿಕ್ಕಿದ್ದು ದೊಡ್ಡ ನಿರ್ಮಾಪಕರೊಬ್ಬರ ಮಗಳಿಗೆ. ಅವಳು ಯಾವ ಬಾಗಿಲಲ್ಲೂ ನಿಲ್ಲಲಿಲ್ಲ, ಕಥೆಯನ್ನೇ ಅವಳಿಗಾಗಿ ಬರೆಸಿದ್ದರಂತೆ; ನಮ್ಮನ್ನೆಲ್ಲ ನೋಡಿದ್ದು ಬರೀ ತೋರಿಕೆಗೆ. ನಮ್ಮ ಕಡೆಯೂ ಎಸ್ಟೇಟ್ ಮಾಲೀಕರ ಮಗ ಮಾಲೀಕನೇ ಆಗುತ್ತಾನೆ, ಆಳುಗಳ ಲೈನ್ ಮನೆಯಲ್ಲಿ ಹುಟ್ಟಿದವನು ಲೈನಿನಲ್ಲೇ ಉಳಿಯುತ್ತಾನೆ. ಅದೂ ಅನ್ಯಾಯವೇ. ಆದರೆ ಅದನ್ನು ಪ್ರತಿಭೆ ಎಂದು ಕರೆದು ಯಾರೂ ಪ್ರಶಸ್ತಿ ಕೊಡುವುದಿಲ್ಲ.

ಸ್ವಲ್ಪ ದಿನದ ಮೇಲೆ ಅದೇ ಹೆಂಗಸು ಫೋನ್ ಮಾಡಿದಳು. ನಾಯಕಿಗೆ ಉದ್ದ ಉಗುರು, ಹಣ್ಣು ಕೊಯ್ಯಲು ಬರುತ್ತಿಲ್ಲ. ಹತ್ತಿರದಿಂದ ತೆಗೆಯುವ ಶಾಟಿಗೆ ಕೈ ಬೇಕು. ಕೈ ಮಾತ್ರ. ಹೋದೆ, ಹೊಟ್ಟೆ ಕೇಳಬೇಕಲ್ಲ.

ಆ ಶಾಟಿಗೆಂದೇ ವನಗೂರು ಕಡೆಯಿಂದ ನಿಜವಾದ ಗಿಡಗಳನ್ನು ಲಾರಿಯಲ್ಲಿ ತರಿಸಿದ್ದರು. ಎಲೆ ಬಾಡಿತ್ತು. ನಾಯಕಿ ನಮ್ಮವಳಂತೆ ಕಾಣಲೆಂದು ಅವಳ ಬಿಳಿ ಮುಖಕ್ಕೆ ಕಂದು ಬಣ್ಣ ಬಳಿದಿದ್ದರು. ನಾನು ಕೈ ಚಾಚಿದೆ. ಮೇಕಪ್‌ನವನು ಅವಳ ಮುಖ, ನನ್ನ ಕೈ ಎರಡನ್ನೂ ನೋಡಿ, ಬಣ್ಣ ಹೊಂದುತ್ತಿಲ್ಲ ಎಂದು ನನ್ನ ಕೈಗೂ ಅದನ್ನೇ ಬಳಿದ. ನಮ್ಮವಳ ವೇಷ ಹಾಕಿದವಳಿಗೆ ಹೊಂದಲೆಂದು ನಮ್ಮವಳ ಕೈಗೇ ವೇಷ. ಥೂ ಎಂದು ಅಲ್ಲೇ ಉಗಿಯಬೇಕೆನಿಸಿತು. ನುಂಗಿಕೊಂಡು ಕೊಯ್ದೆ.

ಮರುವರ್ಷ ಕೊಯ್ಲಿನ ಹೊತ್ತಿಗೆ ಸಿನಿಮಾ ಬಂತು. ಮನೆಯಲ್ಲಿ ನಾನು ಏನೂ ಹೇಳಿರಲಿಲ್ಲ. ನಮ್ಮ ಕಡೆಯ ಕಥೆ ಎಂದು ಊರವರು ಹೊರಟಾಗ ಅಮ್ಮನೂ ಹಾಸನಕ್ಕೆ ಹೋಗಿ ನೋಡಿ ಬಂದು ಫೋನ್ ಮಾಡಿದಳು.

“ಅದು ನಿನ್ ಕೈ ಅಲ್ವೇನೇ?”

“ಹೆಂಗ್ ಗೊತ್ತಾಯ್ತಮ್ಮ?”

“ಕುಯ್ಯುವಾಗ ಕಿರುಬೆಳ್ಳು ಎತ್ಕಂಡಿರ್ತೀಯಲ್ಲ, ಅದುಕ್ಕೆ ಎಷ್ಟ್ ಬೈದಿಲ್ಲ ನಾನು? ಬಣ್ಣ ಬಳ್ದ್‌ಬುಟ್ರೆ ಗೊತ್ತಾಗಲ್ವಾ?” ಆಮೇಲೆ ಕೇಳಿದಳು, “ಮುಖ ಯಾಕೆ ತೋರಿಸ್ಲಿಲ್ಲ ಕಣೇ? ನಿನ್ ಮುಖುಕ್ಕೆ ಏನಾಗೈತೆ?”

ನಾನು ಅತ್ತುಬಿಟ್ಟೆ. ಅಮ್ಮನಿಗೆ ಸಮಾಧಾನ ಮಾಡುವುದು ಗೊತ್ತಿಲ್ಲ. “ಬಂದ್‌ಬುಡು. ಹಣ್ಣು ಉದುರ್ತಾ ಐತೆ, ಆಳು ಸಿಕ್ತಿಲ್ಲ,” ಎಂದಳು.

ಮರುದಿನ ಆ ಹೆಂಗಸಿನ ಮೆಸೇಜು ಬಂತು. ಇನ್ನೊಂದು ಸಿನಿಮಾ, ರೊಟ್ಟಿ ತಟ್ಟುವ ಕೈ ಬೇಕಂತೆ. ಎರಡೂ ಕಡೆಯವರು ಕರೆಯುತ್ತಿರುವುದು ನನ್ನ ಕೈಯನ್ನೇ. ಅಮ್ಮನಾದರೂ ಮುಖ ಎಲ್ಲಿ ಎಂದು ಕೇಳಿದಳು. ಬರುವುದಿಲ್ಲ ಎಂದು ಆ ಹೆಂಗಸಿಗೆ ಬರೆದು ಕಳಿಸಿದೆ. ಬರುತ್ತೇನೆ ಎಂದು ಅಮ್ಮನಿಗೆ ಇನ್ನೂ ಹೇಳಿಲ್ಲ.