ಹದಿನೇಳನೇ ನಂಬರಿನ ತೆಂಗಿನಕಾಯಿ

ಕುಮಟೆಯ ನಮ್ಮ ಮನೆಯ ಜಗಲಿಯಲ್ಲಿ, ಛತ್ರಿ ತೂಗುಹಾಕುವ ಮೊಳೆಯ ಪಕ್ಕದ ಗೂಡಿನಲ್ಲಿ ಒಂದು ತೆಂಗಿನಕಾಯಿ ಕೂತಿದೆ. ಜುಟ್ಟು ಬಿಟ್ಟು ಸುಲಿದ ಕಾಯಿ. ಆ ಜುಟ್ಟಿಗೆ ಕೇಸರಿ ಬಣ್ಣದ ಪ್ಲಾಸ್ಟಿಕ್ ಬಿಲ್ಲೆಯೊಂದನ್ನು ದಾರದಿಂದ ಕಟ್ಟಿದೆ, ಬಿಲ್ಲೆಯ ಮೇಲೆ ಹದಿನೇಳು ಎಂಬ ಅಂಕಿ ಇದೆ. ಇವತ್ತು ಬೆಳಿಗ್ಗೆ ಗೂಡು ಒರೆಸಲು ಹೋದ ನನ್ನ ಹೆಂಡತಿ ಅದನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿ, "ನೀರು ಪೂರಾ ಆರ್ತು. ಇನ್ನೂ ಎಷ್ಟು ದಿನ ಇಡೂದು ಇದನ್ನ?" ಎಂದಳು. ಆ ಬಿಲ್ಲೆಯನ್ನು ಕಂಡರೆ ನನ್ನ ರಕ್ತದೊತ್ತಡ ಏರುತ್ತದೆಂಬುದು ಅವಳಿಗೂ ಗೊತ್ತು, ಔಷಧಿ ಅಂಗಡಿಯವನಿಗೂ ಗೊತ್ತು. ನಿಮಗೂ ಗೊತ್ತಾಗಲಿ ಎಂದು ಇದನ್ನು ಬರೆಯುತ್ತಿದ್ದೇನೆ.

ಹೋದ ಜನವರಿಯಲ್ಲಿ ಹೊನ್ನಾವರದ ಬಸ್‌ಸ್ಟ್ಯಾಂಡಿನ ಎದುರು ಒಂದು ದೊಡ್ಡ ಬ್ಯಾನರ್ ಕಟ್ಟಿದ್ದರು. ಕ್ಯಾಟಮರಾನ್ ಎಂಬ ಹೊಸ ನಮೂನೆಯ ಬೋಟಿನಲ್ಲಿ ದ್ವೀಪಕ್ಕೆ ಒಂದು ದಿನದ ಪ್ರವಾಸ, ಊಟ ಸೇರಿ, ಎಲ್ಲರ ಕೈಗೆಟಕುವ ದರದಲ್ಲಿ. ಚಿತ್ರದಲ್ಲಿ ಹಾಲಿನಂಥ ಮರಳು, ಬಾಗಿದ ತೆಂಗಿನ ಮರ, ಮರದ ಕೆಳಗೆ ನಗುತ್ತಾ ನಿಂತ ಒಂದು ಸಂಸಾರ. ಅವರು ಹೇಳುವ ದ್ವೀಪ ಯಾವುದೆಂದು ನನಗೆ ತಿಳಿಯದ್ದೇನಲ್ಲ. ಭಟ್ಕಳದ ಹತ್ತಿರದ ಬೆಳಕೆಯಲ್ಲಿ ನನ್ನ ಸೋದರತ್ತೆಯ ಮನೆಯ ಹಿತ್ತಲಿನಿಂದ ಅದು ಕಾಣುತ್ತದೆ. ನಾವು ಅದನ್ನು ದ್ವೀಪ ಎಂದು ಕರೆದವರೇ ಅಲ್ಲ, ನಮಗೆ ಅದು ಗುಡ್ಡ. ಅಲ್ಲಿ ಮರಳಿಲ್ಲ, ಬಾಗಿದ ತೆಂಗಿನ ಮರವೂ ಇಲ್ಲ, ಕಡಲಿನಿಂದ ನೇರ ಎದ್ದ ಕರಿ ಬಂಡೆ. ಇಷ್ಟೆಲ್ಲ ಗೊತ್ತಿದ್ದ ನಾನು, ಮೂವತ್ತು ವರ್ಷ ಹೈಸ್ಕೂಲಿನ ಗುಮಾಸ್ತನಾಗಿ ಮಂದಿಯ ಅರ್ಜಿಗಳಲ್ಲಿ ತಪ್ಪು ಹುಡುಕಿದವನು, ಆ ಬ್ಯಾನರನ್ನು ನಂಬಿದೆ. ಮರಳು ಸುಳ್ಳಿರಬಹುದು, ಆದರೆ ಗುಡ್ಡದ ಮೇಲೆ ಇಳಿಸುವುದಂತೂ ಖರೆ ಎಂದುಕೊಂಡೆ.

ನಂಬಲು ಕಾರಣವಿತ್ತು. ಕಾರಣದ ಹೆಸರು ಮಾದೇವಿ ಅತ್ತೆ, ನನ್ನ ಅಪ್ಪನ ತಂಗಿ. ಭಟ್ಕಳದ ಪೇಟೆಯಲ್ಲಿ ಒಣಮೀನಿನ ಬುಟ್ಟಿ ಇಟ್ಟುಕೊಂಡು, ಕನ್ನಡ, ಕೊಂಕಣಿ, ನವಾಯತಿ ಮೂರರಲ್ಲೂ ಗಿರಾಕಿಗಳ ಸಂಗಡ ಜಗಳ ಮಾಡಬಲ್ಲ ಹೆಂಗಸು. ಮಾವ ಮೀನು ಹಿಡಿಯಲು ಮಂದಿಯ ದೋಣಿಗೆ ಹೋಗುತ್ತಿದ್ದ. ನಾನು ಕಾಲೇಜಿಗೆ ಹೋಗುತ್ತಿದ್ದ ಕಾಲಕ್ಕೆ ಒಂದು ಗಾಳಿಗೆ ಸಿಕ್ಕು ಅವನಿದ್ದ ದೋಣಿ ಮೂರು ದಿನ ಬರಲಿಲ್ಲ. ಮೂರನೆಯ ದಿನ ಅತ್ತೆ ಹಿತ್ತಲಲ್ಲಿ ನಿಂತು ಗುಡ್ಡದ ಮೇಲಿನ ದೇವರಿಗೆ ಕೈ ಮುಗಿದು, ಗಂಡ ಜೀವ ಸಹಿತ ಬಂದರೆ ತಾನೇ ಬಂದು ಕಾಯಿ ಒಡೆಯುತ್ತೇನೆ ಎಂದು ಹರಕೆ ಹೇಳಿಬಿಟ್ಟಳು. ಸಂಜೆಗೆ ದೋಣಿ ಬಂತು, ಮಾವನೂ ಬಂದ.

ಎಡವಟ್ಟು ಆದದ್ದು ಅಲ್ಲೇ. ಗುಡ್ಡದ ದೇವರಿಗೆ ಮಳೆಗಾಲ ಕಳೆದ ಮೇಲೆ ವರ್ಷಕ್ಕೊಮ್ಮೆ ಊರಿನ ದೋಣಿ ಹೋಗಿ ಪೂಜೆ ಕೊಟ್ಟು ಬರುವುದು ರೂಢಿ. ಆದರೆ ಮೀನಿನ ದೋಣಿಗೆ ಹೆಂಗಸರು ಹತ್ತುವುದಿಲ್ಲ. "ಗಂಡನ ಕೈಲಿ ಕಾಯಿ ಕಳಿಸ್ತೆ" ಎಂದು ಹರಕೆ ಹೇಳುವುದು ಎಲ್ಲ ಹೆಂಗಸರ ಪದ್ಧತಿ. ಗಂಡನೇ ಕಡಲಲ್ಲಿ ಕಾಣೆಯಾಗಿರುವಾಗ ಯಾರ ಕೈಲಿ ಕಳಿಸುವುದು? ಹಾಗಾಗಿ ಅವಳ ಬಾಯಿಂದ ಬಂದದ್ದು "ನಾನೇ ಬತ್ತೆ" ಎಂಬ ಮಾತು. ಆಮೇಲೆ ಮಾವ ಪ್ರತಿ ವರ್ಷ, "ಕೊಡು ಮಾರಾಯ್ತಿ, ನಿನ್ನ ಹೆಸ್ರಲ್ಲಿ ನಾನೇ ಒಡಿತೆ" ಎನ್ನುತ್ತಿದ್ದ. ಅವಳು ಕೊಡಲಿಲ್ಲ. "ಹೇಳಿದ್ ಬಾಯಿ ನಂದು, ಒಡೆಯೂ ಕೈ ನಿಂದಾದ್ರೆ ದೇವರು ಎಂತ ತಿಳ್ಕಂಬೂದು?" ಎನ್ನುತ್ತಿದ್ದಳು. ಶ್ರಾವಣದ ನೂಲ ಹುಣ್ಣಿಮೆಗೆ ಎಲ್ಲರೂ ಕಡಲಿಗೆ ಕಾಯಿ ಬಿಡುವಾಗ ಇವಳು ದೇವರ ಗೂಡಿನಲ್ಲಿದ್ದ ಹರಕೆಯ ಹಳೆ ಕಾಯಿಯನ್ನು ನೀರಿಗೆ ಬಿಟ್ಟು, ಆ ಜಾಗಕ್ಕೆ ಹಿತ್ತಲಿನ ಹೊಸ ಕಾಯಿ ಇಡುತ್ತಿದ್ದಳು. ಹೀಗೆ ನಲವತ್ತಕ್ಕೂ ಹೆಚ್ಚು ಕಾಯಿ ಬದಲಾದವು. ಮಾವ ಮನೆಯಲ್ಲೇ, ಹಾಸಿಗೆಯಲ್ಲೇ, ವಯಸ್ಸಾಗಿ ತೀರಿಕೊಂಡ. ಹರಕೆ ಹಾಗೇ ಉಳಿಯಿತು.

ಹಾಗಾಗಿ ಆ ಬ್ಯಾನರ್ ಕಂಡಾಗ ನನಗೆ ದೊಡ್ಡ ಉಪಾಯ ಹೊಳೆದಂತಾಯಿತು. ಟಿಕೆಟು ಇದ್ದವರನ್ನು ಹತ್ತಿಸಿಕೊಳ್ಳುವ ಬೋಟು, ಅದರಲ್ಲಿ ಹೆಂಗಸು ಗಂಡಸು ಎಂದು ಕೇಳುವವರಿಲ್ಲ. ಫೋನ್ ಮಾಡಿ, "ಅತ್ತೆ, ನಿನ್ನ ಹರಕೆ ತೀರಿಸೂ ದಿನ ಬಂತು" ಎಂದೆ. "ಖರೆ ಹೇಳ್ತ್ಯಾ ತಮಾ?" ಎಂದಳು. ಎಪ್ಪತ್ತು ದಾಟಿದವಳು ಆಗಲೇ ಬಸ್ಸಿನ ಹೊತ್ತು ಕೇಳತೊಡಗಿದಳು. ಧಾರೇಶ್ವರದ ನನ್ನ ತಮ್ಮನಿಗೂ ಫೋನ್ ಮಾಡಿ ನನ್ನ ಉಪಾಯದ ಬಗ್ಗೆ ಸಾಕಷ್ಟು ಕೊಚ್ಚಿಕೊಂಡೆ.

ಪ್ರವಾಸದ ದಿನ ಅವಳು ಹೊನ್ನಾವರಕ್ಕೆ ಮೊದಲ ಬಸ್ಸಿಗೇ ಬಂದಿಳಿದಳು. ಮಡಿಸೀರೆ, ಸೆರಗಿನಲ್ಲಿ ದೇವರಿಗೆಂದು ಕಟ್ಟಿಕೊಂಡ ಅಬ್ಬಲಿಗೆ ಹೂವಿನ ದಂಡೆ, ಹೊಟ್ಟೆಗೆ ಏನೂ ಇಲ್ಲ. ಒಡೆದ ಮೇಲೇ ನೀರು ಕುಡಿಯುವುದು ಎಂದಳು. ಕಂಕುಳಲ್ಲಿ ಬಟ್ಟೆ ಸುತ್ತಿದ ಕಾಯಿ ಇತ್ತು.

ಬಂದರಿನ ಕೌಂಟರಿನಲ್ಲಿ ನೀಲಿ ಅಂಗಿ ತೊಟ್ಟ ಮ್ಯಾನೇಜರ್ ಒಬ್ಬ ನಮ್ಮ ಮಣಿಕಟ್ಟಿಗೆ ಕಾಗದದ ಪಟ್ಟಿ ಸುತ್ತಿದ. ಆಸ್ಪತ್ರೆಯಲ್ಲಿ ಹುಟ್ಟಿದ ಮಕ್ಕಳಿಗೆ ಸುತ್ತುತ್ತಾರಲ್ಲ, ಅಂಥದ್ದು. ಆಮೇಲೆ ಬಟ್ಟೆಯ ಗಂಟು ಬಿಚ್ಚಿಸಿ ನೋಡಿ, "ಸರ್, ಹೊರಗಿನ ಫುಡ್ ಅಲೋ ಇಲ್ಲ" ಎಂದ.

"ಇದು ಫುಡ್ ಅಲ್ಲ. ದೇವರ ಕಾಯಿ" ಎಂದೆ.

"ಕಾಯಿ ಅಂದ್ರೆ ತಿನ್ನೋದೇ ಅಲ್ವಾ ಸರ್? ಮತ್ತೆ ಡೆಕ್ ಮೇಲೆ ಒಡೆದ್ರೆ ಫೈಬರ್ ಬಿರುಕು ಬಿಡುತ್ತೆ. ಹೂವು ತಗೊಂಡು ಹೋಗಿ, ತೊಂದ್ರೆ ಇಲ್ಲ."

ಸಿಟ್ಟು ನೆತ್ತಿಗೇರಿದರೆ ನನಗೆ ಇಂಗ್ಲಿಷ್ ಬರುತ್ತದೆ. ಆದರೆ ಬರುವುದು ಹೈಸ್ಕೂಲಿನ ಟಪಾಲಿನ ಇಂಗ್ಲಿಷ್. ಮೇಲ್ಕಂಡ ವಿಷಯಕ್ಕೆ ಸಂಬಂಧಿಸಿದಂತೆ ತಮ್ಮ ಗಮನಕ್ಕೆ ತರುವುದೇನೆಂದರೆ, ಎಂಬ ಧಾಟಿಯದು. ಅದನ್ನು ಕೇಳಿ ನಮ್ಮ ಹಿಂದಿನ ಸಾಲಿನವರು ಮೊಬೈಲು ತೆಗೆದು ವಿಡಿಯೋ ಮಾಡತೊಡಗಿದರು. ಅತ್ತೆ ನನ್ನ ತೋಳು ಹಿಡಿದು, "ಸಾಕ್ ತಮಾ. ದೇವರ ಎದ್ರಿಗೆ ಹೋಗೂಕೆ ಹೊರಟವ್ರು ದಾರಿ ಮೇಲೆ ಜಗಳ ಮಾಡೂದಲ್ಲ" ಎಂದಳು. ಆ ಮ್ಯಾನೇಜರ್ ಕಾಯಿಯ ಜುಟ್ಟಿಗೆ ಹದಿನೇಳನೇ ನಂಬರಿನ ಬಿಲ್ಲೆ ಕಟ್ಟಿ, ಯಾರದೋ ಚಿಪ್ಸ್ ಪೊಟ್ಟಣ ಮತ್ತು ಬಿರಿಯಾನಿ ಡಬ್ಬಿಗಳ ನಡುವೆ ಶೆಲ್ಫಿನಲ್ಲಿಟ್ಟ. ಬಿರಿಯಾನಿಯ ಪಕ್ಕದಲ್ಲಿ ಹರಕೆಯ ಕಾಯಿ. ಅತ್ತೆ ಅದನ್ನು ನೋಡಿ ಮುಖ ತಿರುಗಿಸಿದಳು. ಕಾಯಿ ಇಲ್ಲದಿದ್ದರೂ ಹೋಗೋಣ, ಗುಡ್ಡದ ಮೇಲೆ ಕಾಲಿಟ್ಟು ಹೂವಾದರೂ ಇಟ್ಟು ಬರೋಣ ಎಂದು ಅವಳೇ ನನ್ನನ್ನು ಸಮಾಧಾನ ಮಾಡಿ ಹತ್ತಿಸಿದಳು.

ಕ್ಯಾಟಮರಾನ್ ಎಂದರೆ ಏನೆಂದು ನೀವು ಕೇಳಬಹುದು. ಎರಡು ದೋಣಿಗಳನ್ನು ಪಕ್ಕಪಕ್ಕ ಇಟ್ಟು ಮೇಲೆ ಒಂದು ಚಪ್ಪರ ಹಾಕಿದ ಹಾಗಿರುತ್ತದೆ. ಅತ್ತೆ ಹತ್ತಿದವಳೇ ಬಗ್ಗಿ ಎರಡೂ ಬದಿ ನೋಡಿ, "ಇದು ಮಗುಚೂದಿಲ್ಲ" ಎಂದು ತೀರ್ಪು ಕೊಟ್ಟಳು. ಹುಟ್ಟಿದಾಗಿನಿಂದ ಕಡಲ ಬದಿಯಲ್ಲೇ ಇದ್ದವಳು, ಕಡಲಿನ ಮೇಲೆ ಕೂತದ್ದು ಅದೇ ಮೊದಲು. ಸೀರೆಯ ಮೇಲೆ ಕಿತ್ತಳೆ ಬಣ್ಣದ ಲೈಫ್ ಜಾಕೆಟ್ ತೊಟ್ಟು ನೆಟ್ಟಗೆ ಕೂತಳು. ಬೋಟು ಶರಾವತಿಯ ಅಳಿವೆ ದಾಟಿ ದೊಡ್ಡ ನೀರಿಗೆ ಬಿದ್ದದ್ದೇ ನನ್ನ ಹೊಟ್ಟೆ ಮಗುಚಿತು. ಅವಳ ಕಾಯಿಗಾಗಿ ಜಗತ್ತಿನ ಮೇಲೆಲ್ಲ ಸಿಟ್ಟಾಗಿದ್ದ ನಾನು ಪ್ಲಾಸ್ಟಿಕ್ ಚೀಲದಲ್ಲಿ ಮುಖ ಹುದುಗಿಸಿ ಕೂತಿದ್ದರೆ, ಉಪವಾಸವಿದ್ದ ಆ ಮುದುಕಿ ನನ್ನ ಬೆನ್ನು ನೀವುತ್ತಿದ್ದಳು.

ಆಗ ಬಂತು ನೋಡಿ ಸ್ವಾಗತದ ಪಾನೀಯ. ಪ್ಲಾಸ್ಟಿಕ್ಕಿನ ತೆಂಗಿನಕಾಯಿ. ಕಂದು ಬಣ್ಣ, ಮೇಲೆ ನಾರಿನ ಗೆರೆಗಳು ಕೂಡ ಇದ್ದವು, ಒಳಗೆ ಗುಲಾಬಿ ಬಣ್ಣದ ಸಕ್ಕರೆ ನೀರು, ತುದಿಯಲ್ಲಿ ಕಾಗದದ ಪುಟ್ಟ ಛತ್ರಿ. ಅತ್ತೆ ಅದನ್ನು ತಿರುಗಿಸಿ ನೋಡಿದಳು, ಉಗುರಿನಿಂದ ಕೆರೆದಳು. "ಇದನ್ನ ಒಳಗೆ ಬಿಡ್ತ್ರಾ?" ಎಂದು ನನ್ನನ್ನು ಕೇಳಿದಳು. ನಾನು ಚೀಲದೊಳಗಿನಿಂದಲೇ ಹೂಂಗುಟ್ಟಿದೆ. ಸ್ಪೀಕರು ಕೂಗುತ್ತಿತ್ತು, ಮಂದಿ ಕುಣಿಯುತ್ತಿದ್ದರು, ನನಗೆ ಮೈಯೆಲ್ಲ ಉರಿಯುತ್ತಿತ್ತು.

ಗುಡ್ಡ ಹತ್ತಿರವಾಯಿತು. ಅತ್ತೆ ಎದ್ದು ಕಂಬಿ ಹಿಡಿದು ನಿಂತಳು. ಹಿತ್ತಲಿನಿಂದ ಹೆಬ್ಬೆರಳಿನಷ್ಟು ಕಾಣುತ್ತಿದ್ದದ್ದು ಈಗ ಕಣ್ಣು ತುಂಬ ನಿಂತಿತ್ತು. ಬಂಡೆಯ ಬುಡದಲ್ಲಿ ನೊರೆ, ಮೇಲೆ ಹಕ್ಕಿಗಳು, ಸಂದಿನಲ್ಲಿ ಮೇಲಕ್ಕೆ ಹೋಗುವ ಕಾಲುದಾರಿ. ಬೋಟು ನಿಧಾನವಾಯಿತು. ಈಜು ಬರುವವರು ಜಾಕೆಟ್ ಸಮೇತ ನೀರಿಗೆ ಇಳಿದರು, ಉಳಿದವರು ಫೋಟೋ ತೆಗೆದರು. ನಾನು ಮೆಟ್ಟಿಲಿನ ಹತ್ತಿರ ಹೋಗಿ, ದಡಕ್ಕೆ ಯಾವಾಗ ಇಳಿಸುತ್ತೀರಿ ಎಂದು, ನಮ್ಮ ಸಂಗಡವೇ ಬೋಟು ಹತ್ತಿದ್ದ ನೀಲಿ ಅಂಗಿಯ ಮ್ಯಾನೇಜರನನ್ನು ಕೇಳಿದೆ.

"ಇಳಿಸೋದಿಲ್ಲ ಸರ್. ಪರ್ಮಿಶನ್ ಇಲ್ಲ. ಒಂದು ರೌಂಡ್ ಹಾಕಿ ವಾಪಸ್."

ಆಗ ನಾನು ಏನೇನು ಕೂಗಾಡಿದೆನೋ ನೆನಪಿಲ್ಲ. ಬ್ಯಾನರಿನ ಮರಳು ಎಲ್ಲಿ, ಆ ನಗುವ ಸಂಸಾರ ಎಲ್ಲಿ, ವಯಸ್ಸಾದ ಹೆಂಗಸನ್ನು ಉಪವಾಸ ಕರೆತಂದು ದೇವರ ಬಾಗಿಲಿಗೆ ಸುತ್ತು ಹಾಕಿಸಿ ತಿರುಗಿಸುವುದು ಯಾವ ಮನುಷ್ಯರು ಮಾಡುವ ಕೆಲಸ ಎಂದೆಲ್ಲ ಕೇಳಿದೆ. ಗಲಾಟೆ ಕೇಳಿ ಬೋಟು ನಡೆಸುವವನು ಹೊರಗೆ ಬಂದ. ಬಿಳಿ ಯೂನಿಫಾರ್ಮು, ತಲೆಗೆ ಟೋಪಿ. ಗುಡ್ಡದ ಕಡೆ ತಿರುಗಿ ಅವನು ಮೊದಲು ಟೋಪಿ ತೆಗೆದ, ಆಮೇಲೆ ನಮ್ಮನ್ನು ನೋಡಿದ. ಅತ್ತೆಗೆ ತಕ್ಷಣ ಗುರುತು ಸಿಕ್ಕಿತು. ಬೆಳಕೆಯ ಈಶ್ವರ, ಒಂದು ಕಾಲದಲ್ಲಿ ಮಾವ ಹೋಗುತ್ತಿದ್ದ ದೋಣಿಗೆ ಇವನೇ ತಾಂಡೇಲ, ಅಂದರೆ ದೋಣಿಯ ಯಜಮಾನಿಕೆ ಇವನದು.

"ಮಾದೇವಕ್ಕ, ನಿಮ್ಮನ್ನ ಇಳಿಸೂಕೆ ನನ್ ಕೈಲಿ ಇಲ್ಲ. ಇಳಿಸಿದ್ರೆ ನಾಳಿಂದ ನಾ ಮನೇಲಿ" ಎಂದ. ಆಮೇಲೆ ದನಿ ತಗ್ಗಿಸಿ, "ಮಳೆಗಾಲ ಕಳ್ದ ಮೇಲೆ ಪೂಜೆಗೆ ನಮ್ಮೂರ್ ದೋಣಿ ಬತ್ತದೆ. ಅದು ಇಳಿಸ್ತದೆ. ಆದ್ರೆ" ಎಂದು ಅಲ್ಲಿಗೇ ನಿಲ್ಲಿಸಿದ.

"ಆದ್ರೆ ಎಂತ?" ಎಂದು ನಾನು ಗದರಿದೆ.

ಉತ್ತರ ಅತ್ತೆ ಕೊಟ್ಟಳು. "ಆದ್ರೆ ಎಂತದೂ ಇಲ್ಲ. ಅದ್ರಲ್ಲಿ ಹೆಂಗ್ಸ್ರು ಹತ್ತೂಕಾಗ. ಇದ್ರಲ್ಲಿ ಕಾಯಿ ಹತ್ತೂಕಾಗ." ಹಾಗೆಂದು ಸೆರಗಿನಿಂದ ಅಬ್ಬಲಿಗೆ ದಂಡೆ ಬಿಚ್ಚಿ ನೀರಿಗೆ ಬಿಟ್ಟಳು. ಅದು ಈಜುತ್ತಿದ್ದವರ ನಡುವೆ ಸ್ವಲ್ಪ ದೂರ ತೇಲಿ ಹೋಯಿತು.

ವಾಪಸು ಬರುವಾಗ ತಣ್ಣಗಾದ ಪಲಾವು ಕೊಟ್ಟರು. ಅವಳು ಮುಟ್ಟಲಿಲ್ಲ. ನಾನು ಈ ಕಂಪನಿಯನ್ನು ಸುಮ್ಮನೆ ಬಿಡುವುದಿಲ್ಲ, ಮೇಲಿನವರಿಗೆ ಬರೆಯುತ್ತೇನೆ, ಪೇಪರಿಗೆ ಹಾಕಿಸುತ್ತೇನೆ ಎಂದು ಹೇಳುತ್ತಲೇ ಇದ್ದೆ. ಅತ್ತೆ ಕಡಲು ನೋಡುತ್ತಾ ಕೇಳಿಸಿಕೊಂಡಳು. ಆಮೇಲೆ, "ಹರಕೆ ಹೇಳಿದ ವರ್ಷ ನೀನೂ ಇದ್ಯಲ್ಲ ತಮಾ" ಎಂದಳು.

"ಎಲ್ಲಿ?"

"ದಂಡೆ ಮೇಲೆ. ನಾ ಕಾಯಿ ಹಿಡ್ಕಂಡು ಪೂಜೆ ದೋಣಿ ಹತ್ರ ಬಂದಾಗ. ಉಳಿದವ್ರು ಯಾರೂ ಮಾತಾಡ್ಲಿಲ್ಲ. ಹೇಳೂಕೆ ಎಲ್ಲರಿಗೂ ಕಷ್ಟ. ನೀ ಮಾತ್ರ ಹೇಳ್ದೆ, 'ನೀನ್ ಹತ್ತಿದ್ರೆ ದೋಣಿ ನಾಚ್ಕಂಡು ಮುಳುಗ್ತದೆ ಅತ್ತೆ' ಹೇಳಿ. ಎಲ್ಲರೂ ನಗಾಡ್ದ್ರು. ನಾನೂ ನಗಾಡ್ಕಂಡು ಮನೆಗೆ ಹೋದೆ."

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. ಒಣಮೀನಿನ ದರ ಹೇಳುವ ಹಾಗೆ ಹೇಳಿದಳು. ನನಗೆ ಮಾತ್ರ ಆ ದಿನ ಇಡಿಯಾಗಿ ನೆನಪಾಯಿತು. ರಜೆಗೆ ಬಂದ ಕಾಲೇಜು ಹುಡುಗ, ಹೊಸ ಪ್ಯಾಂಟು, ಗಂಡಸರು ನಕ್ಕಾಗ ಆದ ಹೆಮ್ಮೆ. ದಂಡೆಯ ಮೇಲೆ ಅಂದು ಎಲ್ಲರೂ ಬಾಯಿ ಮುಚ್ಚಿ ನಿಂತಿದ್ದರು. ನಾನೂ ಸುಮ್ಮನಿದ್ದಿದ್ದರೆ ಯಾರಾದರೊಬ್ಬ ದೋಣಿ ಹತ್ತು ಎನ್ನುತ್ತಿದ್ದನೋ ಏನೋ. ಅದು ನನಗೆ ಇನ್ನು ಯಾವತ್ತೂ ತಿಳಿಯುವುದಿಲ್ಲ.

ಬಂದರಿನಲ್ಲಿ ಇಳಿದು ಕಾಯಿ ಬಿಡಿಸಿಕೊಂಡೆವು. ಅತ್ತೆ ಅದನ್ನು ಮುಟ್ಟಲಿಲ್ಲ. "ಇದು ನಿನ್ ಹತ್ರವೇ ಇರ್ಲಿ" ಎಂದು ಬೆಳಕೆಯ ಬಸ್ಸು ಹತ್ತಿದಳು. ದಣಿದಿದ್ದಾಳೆ, ಭಾರ ಬೇಡ ಎಂದಿರಬೇಕು ಎಂದುಕೊಂಡು ನಾನು ಅದನ್ನು ಕುಮಟೆಗೆ ತಂದು ಗೂಡಿನಲ್ಲಿಟ್ಟೆ. ಕಂಪನಿಗೆ ನಾಲ್ಕು ಸಲ ಪತ್ರ ಬರೆಯಲು ಕೂತೆ. ಪ್ರತಿ ಸಲವೂ ಎರಡನೇ ಪುಟಕ್ಕೆ ಬರುವಾಗ, ಹೆಂಗಸೊಬ್ಬಳ ಹರಕೆಗೆ ಅಡ್ಡಿ ಮಾಡಿದವರ ಬಗ್ಗೆ ಬರೆಯಬೇಕಾದಾಗ, ಪೆನ್ನು ನಿಲ್ಲುತ್ತಿತ್ತು. ಬ್ಯಾನರಿನವರ ಮೇಲೆ ನನ್ನ ಸಿಟ್ಟು ಈಗಲೂ ಕಡಿಮೆಯಾಗಿಲ್ಲ. ಆದರೆ ಅವರಿಗಿಂತ ಮೊದಲು ಆ ದೇವರ ಬಾಗಿಲಿಗೆ ಅಡ್ಡ ನಿಂತವನು ನಾನು.

ಕಳೆದ ವಾರ ಬೆಳಕೆಯ ದಂಡೆಗೆ ಹೋದೆ. ಬಲೆ ಹೊಲಿಯುತ್ತಿದ್ದವರ ಎದುರು ನಿಂತು, ಈ ಸಲದ ಪೂಜೆಗೆ ಮಾದೇವಿ ಅತ್ತೆಯನ್ನು ಹತ್ತಿಸಿಕೊಳ್ಳಬೇಕು ಎಂದು ಕೇಳಿದೆ. ಗಡ್ಡದವನೊಬ್ಬ, "ದೋಣಿ ಹೆದರ್ಕಂಡು ದಡ ಬಿಡೂದಿಲ್ಲ" ಎಂದ, ನಾಲ್ಕೈದು ಜನ ನಕ್ಕರು. "ಈ ಮಾತು ನಾನು ಇಲ್ಲೇ ನಿಂತು ನಿನ್ನ ಅಪ್ಪನ ಕಾಲದಲ್ಲಿ ಹೇಳಿದ್ದೆ. ನಿನಗಿಂತ ಚಂದ ಮಾಡಿ ಹೇಳಿದ್ದೆ. ಅದರಿಂದ ಒಬ್ಬಳ ನಲವತ್ತು ವರ್ಷ ಹೋಯ್ತು" ಎಂದೆ. ನಗು ನಿಂತಿತು. ಪೂಜೆಯ ದೋಣಿಗೆ ಈಗಲೂ ತಾಂಡೇಲನಾದ ಈಶ್ವರ ಒಂದು ಬದಿಗೆ ಕೂತು ಸೂಜಿಗೆ ದಾರ ಪೋಣಿಸುತ್ತಿದ್ದ. ತಲೆ ಎತ್ತದೆ, "ಮಾದೇವಕ್ಕ ನನ್ ಪಕ್ಕದಲ್ಲಿ ಕೂತ್ಕಳ್ಲಿ. ಯಾರಿಗೆ ಆಗೂದಿಲ್ವೋ ಅವ್ರು ಆ ದಿನ ಬರೂದ್ ಬ್ಯಾಡ" ಎಂದ. ಬೇಡ ಎಂದು ಯಾರೂ ಹೇಳಲಿಲ್ಲ.

ಇವತ್ತು ಹೆಂಡತಿ ಕಾಯಿ ಅಲ್ಲಾಡಿಸಿದ್ದು ನೋಡಿ ನೆನಪಾಗಿ ಅತ್ತೆಗೆ ಫೋನ್ ಮಾಡಿದೆ. ಭಾನುವಾರ ಬೆಳಿಗ್ಗೆ ಪೂಜೆಯ ದೋಣಿ, ನಿನ್ನ ಕಾಯಿ ನಾನೇ ತರುತ್ತೇನೆ, ನೀರು ಆರಿದೆ, ಆದರೂ ಒಡೆಯಬಹುದು ಎಂದೆ.

"ಈಶ್ವರ ಹೇಳ್ದ. ನನ್ ಕಾಯಿ ನನ್ ಹತ್ರ ಅದೆ. ಹಿತ್ಲದ್ದು ಹೊಸ್ದು" ಎಂದಳು.

"ಹಾಗಾದ್ರೆ ಇದು?"

"ಅದು ನಿಂದು ತಮಾ. ಅವತ್ತೇ ಹೇಳಿದ್ನಲ್ಲ. ಗುಡ್ಡದ ಎದ್ರಿಗೆ ಹೋದಾಗ ನೀನೇ ನೀರಿಗೆ ಬಿಡು, ಆತು."

ಫೋನಿಟ್ಟು ಕತ್ತರಿ ಹುಡುಕಿದೆ. ಜುಟ್ಟಿನಿಂದ ಬಿಲ್ಲೆಯನ್ನು ಕತ್ತರಿಸಿ ಕಸದ ಬುಟ್ಟಿಗೆ ಹಾಕಿ, ಕಾಯಿಯನ್ನು ತೊಳೆದು ಬಟ್ಟೆಯಲ್ಲಿ ಸುತ್ತಿಟ್ಟೆ. ಭಾನುವಾರಕ್ಕೆ ಇನ್ನು ಮೂರು ದಿನ. ದೋಣಿ ಹತ್ತಿದರೆ ನನಗೆ ವಾಂತಿ ಬರುವುದು ಖಾತ್ರಿ, ಪ್ಲಾಸ್ಟಿಕ್ ಚೀಲವನ್ನೂ ಪಕ್ಕದಲ್ಲೇ ಇಟ್ಟಿದ್ದೇನೆ.